ಮಗು ಅತ್ತರೆ ಎದ್ದು ಬರುವ ಕಾನೂನು

ಕಾನೂನು ಎಂದರೆ ಹೊಲದ ಬದು ಒತ್ತಿದವರಿಗೆ, ಜಗಳದಲ್ಲಿ ತಲೆ ಒಡೆದವರಿಗೆ ಮಾತ್ರ ಎಂದು ನಾನು ತಿಳಿದಿದ್ದೆ. ಎರಡನೇ ಕ್ಲಾಸಿಗೇ ಸ್ಲೇಟು ಕೆಳಗಿಟ್ಟ ನನ್ನಂಥ ಅಜ್ಜಿಯ ತಿಳಿವಳಿಕೆ ಅಷ್ಟೇ. ಮಗು ಅತ್ತರೂ ಕಾನೂನು ಎದ್ದು ಬರುತ್ತದೆ ಎಂದು ಯಾರಾದರೂ ಹೇಳಿದ್ದರೆ, 'ಅದ್ಕೇನು ಬ್ಯಾರೆ ಕೆಲ್ಸ ಇಲ್ವಾ' ಎಂದು ನಕ್ಕುಬಿಡುತ್ತಿದ್ದೆ.

ನನ್ನ ಮೊಮ್ಮಗಳು ಭವ್ಯ ಬಸ್ಸಿನಲ್ಲಿ ಕೊರಟಗೆರೆಯ ಶಾಲೆಗೆ ಹೋಗುತ್ತಾಳೆ, ಒಂಬತ್ತನೇ ಕ್ಲಾಸು. ಒಂದು ವಾರ ಹೊಟ್ಟೆನೋವೆಂದು ಮುಸುಕು ಹೊದ್ದು ಮಲಗಿದಳು. ಕೊನೆಗೆ ಫೋನು ತೋರಿಸಿದಳು. ಸಿದ್ದರಬೆಟ್ಟಕ್ಕೆ ಹೋದಾಗ ತೆಗೆದ ಅವಳ ಫೋಟೋಗೆ ಕೋತಿಯ ಮುಖ ಅಂಟಿಸಿ ಕ್ಲಾಸಿನ ಗ್ರೂಪಿಗೆ ಹಾಕಿದ್ದರು. ಕೆಳಗೆ ಸಾಲಾಗಿ ನಗುವ ಮುಖಗಳು.

"ನಾನಿನ್ನು ಇಸ್ಕೂಲ್ಗೆ ಹೋಗಾಕಿಲ್ಲ ಅಜ್ಜಿ."

ನಮ್ಮ ಕಡೆಯ ಹೆಂಗಸರ ಅಸ್ತ್ರ ಒಂದೇ. ಅನ್ಯಾಯ ಮಾಡಿದವರ ಬಾಗಿಲಿಗೆ ಹೋಗಿ ಹಿಡಿ ಮಣ್ಣು ತೂರಿ ಶಾಪ ಹಾಕುವುದು. ಸೆರಗಿನಲ್ಲಿ ಮಣ್ಣು ಕಟ್ಟಿಕೊಂಡೆ. ಆದರೆ ಫೋನಿನೊಳಗೆ ನಕ್ಕವರಿಗೆ ಬಾಗಿಲೆಲ್ಲಿ? ಶಾಲೆಯ ಬಾಗಿಲೇ ಆಗಲಿ ಎಂದು ಬಸ್ಸು ಹತ್ತಿದೆ.

"ಸೆರಗಲ್ಲೇನಜ್ಜಿ, ಪ್ರಸಾದನಾ?" ಎಂದರು ಹೆಡ್‌ಮೇಡಂ.

"ಮಣ್ಣು ಕಣಮ್ಮ. ನಿಮ್ ಬಾಗ್ಲಿಗೆ ತೂರಾಕೆ ಬಂದಿವ್ನಿ."

ಅವರು ಸಿಟ್ಟಾಗಲಿಲ್ಲ. ಕುರ್ಚಿ ಕೊಟ್ಟು ವಿಷಯ ಕೇಳಿದರು. ಕೇಳುತ್ತಾ ಮುಖ ಸಣ್ಣದಾಯಿತು.

"ಇದು ತಮಾಷೆ ಅಲ್ಲ ಅಜ್ಜಿ. ಮಕ್ಕಳಿಗೆ ಹಿಂಗೆ ಹಿಂಸೆ ಕೊಟ್ರೆ ಕೇಳಕ್ಕೆ ಕಾನೂನಿದೆ. ಗೊತ್ತಾದ್ಮೇಲೆ ನಾವೂ ಸುಮ್ನಿರಂಗಿಲ್ಲ."

ನನ್ನ ಮೈ ಜುಮ್ಮೆಂದಿತು. ಯಾರೋ ದೊಡ್ಡವರು, ಎಲ್ಲೋ ದೊಡ್ಡ ಕಟ್ಟಡದಲ್ಲಿ ಕೂತು, ಭವ್ಯಳ ಹೆಸರೂ ಗೊತ್ತಿಲ್ಲದೆ, ಅವಳ ಒದ್ದೆ ದಿಂಬಿನ ಬಗ್ಗೆ ಯೋಚಿಸಿದ್ದರಲ್ಲ! ದೇವರಿಗಾದರೂ ಮಣ್ಣು ತೂರಿ ನೆನಪು ಮಾಡಬೇಕು. ಇವರು ನಾವು ಕೇಳುವ ಮೊದಲೇ ಬರೆದಿಟ್ಟಿದ್ದಾರೆ.

ಮರುದಿನ ಹೆತ್ತವರನ್ನೆಲ್ಲ ಕರೆಸಿದರು, ಫೋಟೋ ಅಳಿಸಿದರು. ಅದನ್ನು ಮಾಡಿದ್ದ ಇಬ್ಬರು ಹುಡುಗಿಯರು ತಲೆಯೆತ್ತದೆ ಅತ್ತರು. ಅದನ್ನು ನೋಡಿ ನನಗೇ ದಿಗಿಲಾಯಿತು.

"ಜೈಲಿಗೆ ಹಾಕ್ಬುಡ್ತಾರಾ ಮೇಡಮ್ಮಾ?"

"ಛೇ, ಅವ್ರೂ ಮಕ್ಕಳೇ ಅಲ್ವಾ ಅಜ್ಜಿ? ತಿದ್ದಬೇಕು ಅಂತಾನೇ ಕಾನೂನು ಹೇಳೋದು."

ಇನ್ನಷ್ಟು ಬೆರಗಾದೆ. ನನ್ನ ಶಾಪಕ್ಕೆ ಇಷ್ಟು ವಿವೇಕವಿಲ್ಲ. ಒಮ್ಮೆ ಬಾಯಿಬಿಟ್ಟರೆ ತೊಟ್ಟಿಲ ಕೂಸಿನಿಂದ ಹಿಡಿದು ಮನೆಮಂದಿಗೆಲ್ಲ ತಟ್ಟಲಿ ಎನ್ನುತ್ತದೆ.

ಸೋಮವಾರ ಭವ್ಯ ಜಡೆ ಹಾಕಿಸಿಕೊಂಡಳು. ಬಸ್ಸು ಬಂದಾಗ ಮೆಟ್ಟಿಲಲ್ಲೇ ತಡೆದು ನಿಂತಳು. ಒಳಗೆ ಕಾಲಿಡಲು ಜಾಗವಿಲ್ಲ. ಕಿಟಕಿಯ ಪಕ್ಕ ಆ ಇಬ್ಬರಲ್ಲಿ ಒಬ್ಬಳು ಕೂತಿದ್ದಳು. ನಿಂತವರ ಬ್ಯಾಗನ್ನು ಕೂತವರು ತೊಡೆಯ ಮೇಲಿಟ್ಟುಕೊಳ್ಳುವುದು ನಮ್ಮ ಬಸ್ಸುಗಳ ವಾಡಿಕೆ. ಆ ಹುಡುಗಿ ಮೆಲ್ಲಗೆ ಕೈ ಚಾಚಿದಳು.

"ಕೊಡೇ ಇಲ್ಲಿ."

ಭವ್ಯ ಅವಳನ್ನೇ ನೋಡಿದಳು. ಕಂಡಕ್ಟರ್ ಸೀಟಿ ಊದಿದ. ಕಾನೂನು ಅಷ್ಟು ದೂರದಿಂದ ಬಂದು ನನ್ನ ಕೂಸನ್ನು ಮೆಟ್ಟಿಲು ಹತ್ತಿಸಿತ್ತು. ಬ್ಯಾಗು ಕೊಡು ಎಂದು ಮಾತ್ರ ಅದು ಹೇಳುವಂತಿರಲಿಲ್ಲ.

ಅವಳೇ ಕೊಟ್ಟಳು.