ಇಂದಿನ ನಾಟಕ ಯಾರದು?

ಗೌರಾಬಾಯಿ ಬುಧವಾರ ಬೆಳಿಗ್ಗೆ ತೀರಿಕೊಂಡಳು. ೧೯೩೪ರ ಜನವರಿ, ಪುಣೆಯ ಶುಕ್ರವಾರ ಪೇಟೆಯ ಬಾಡಿಗೆ ಕೋಣೆ. ಕ್ಷಯ. ಹಿಂದಿನ ಸಂಜೆ ನಾಟಕದ ಮೊದಲ ಹಾಡಿನಲ್ಲೇ ಬಾಯಿಂದ ರಕ್ತ ಬಂದು ಬಿದ್ದವಳಿಗೆ ಮತ್ತೆ ಎಚ್ಚರವಾಗಲಿಲ್ಲ.

ಗಂಡು ಪಾತ್ರಗಳಿಗೆ ಹೆಸರಾದ ನಟಿ ಎಂದು ಪತ್ರಿಕೆಯೊಂದು ಎರಡು ಸಾಲು ಬರೆಯಿತು. ಇಪ್ಪತ್ತು ವರ್ಷ ಅವಳ ಜೊತೆ ರಂಗದ ಮೇಲೆ ನಿಂತ ನರ್ಮದಾ ಅದನ್ನು ಓದಿ ಮಡಿಸಿಟ್ಟಳು. ಬರೆದದ್ದು ಸುಳ್ಳಲ್ಲ. ಬಿಟ್ಟದ್ದು ದೊಡ್ಡದಿತ್ತು.

ಗೌರಾಬಾಯಿ ಬೆಳಗಾವಿ ಕಡೆಯವಳು. ಹನ್ನೆರಡನೆಯ ವಯಸ್ಸಿಗೆ, ಹೆಂಗಸರೇ ಆಡುವ ನಾಟಕ ಕಂಪನಿ ಸೇರಿ ಪುಣೆಗೆ ಬಂದಳು. ಎತ್ತರದ ಆಳು, ಗಡುಸು ದನಿ. ಮೀಸೆ ಅಂಟಿಸಿ ರಾಜನ ಪಾತ್ರಕ್ಕೆ ನಿಲ್ಲಿಸಿದರು. ಮೂವತ್ತು ತುಂಬುವುದರೊಳಗೆ ನಾಟಕ ಕಲಿಸುವವಳೂ ಅವಳೇ ಆದಳು. ತಾಲೀಮಿನಲ್ಲಿ ಒಂದು ಹೆಜ್ಜೆ ತಪ್ಪಿದರೆ ಇಡೀ ಪ್ರವೇಶ ಮತ್ತೆ ಮೊದಲಿನಿಂದ. ಹಳೆಯ ಆಟಗಳಿಗೆ ಜನ ಬರುವುದು ಕಡಿಮೆಯಾದಾಗ ತಾನೇ ಒಂದು ನಾಟಕ ಬರೆದಳು. ಮರಾಠಿಯನ್ನು ಕಿವಿಯಿಂದ ಕಲಿತವಳು, ಬರುತ್ತಿದ್ದುದು ಕನ್ನಡ ಅಕ್ಷರ ಮಾತ್ರ. ಹೀಗಾಗಿ ಮರಾಠಿ ನಾಟಕವನ್ನು ಕನ್ನಡ ಅಕ್ಷರಗಳಲ್ಲೇ ಬರೆದಳು.

ಅವಳು ಓದುತ್ತ ಹೋದಳು. ವಕೀಲರೊಬ್ಬರ ಗುಮಾಸ್ತ, ಅವಧೂತ ಎಂಬವನು, ಮರಾಠಿ ಲಿಪಿಯಲ್ಲಿ ಬರೆದುಕೊಂಡ. ಪುಸ್ತಕ ಅಚ್ಚಾದಾಗ ಅದರ ಮೇಲೆ ಅವನ ಹೆಸರಿತ್ತು. ನಾಟಕದ ಹೆಂಗಸು ಬರೆದದ್ದನ್ನು ಯಾರು ನೋಡುತ್ತಾರೆ ಎಂದ. ಮೀಸೆಯನ್ನೇ ಎರವಲು ಹಚ್ಚಿಕೊಳ್ಳುವವಳಿಗೆ ಹೆಸರು ಎರವಲಾದರೇನು ಎಂದು ನಕ್ಕ. ಪುಸ್ತಕದ ಹಕ್ಕು ತನ್ನದು, ಬೇರೆ ಹೆಸರು ಕೇಳಿಬಂದರೆ ಆಟ ನಿಲ್ಲಿಸುವುದಾಗಿಯೂ ಹೇಳಿದ. ಹದಿನಾಲ್ಕು ಹೆಂಗಸರು ಆ ನಾಟಕದಿಂದ ಉಣ್ಣುತ್ತಿದ್ದರು.

ಪರದೆ ಎದ್ದೊಡನೆ ನಟಿಯಾದವಳು ಸೂತ್ರಧಾರನನ್ನು “ಇಂದಿನ ನಾಟಕ ಯಾರದು?” ಎಂದು ಕೇಳುವುದು ಪದ್ಧತಿ. ಕೇಳುವವಳು ನರ್ಮದಾ. ರುಮಾಲು ಸುತ್ತಿ ಸೂತ್ರಧಾರನಾದ ಗೌರಾಬಾಯಿ ಒಂಬತ್ತು ವರ್ಷ ಅವಧೂತನ ಹೆಸರು ಹೇಳಿದಳು.

ಟಾಕಿ, ಮಾತಾಡುವ ಸಿನಿಮಾ, ಬಂತು. ಮಾರ್ಚ್ ಕಳೆದರೆ ಥಿಯೇಟರು ಸಿನಿಮಾಕ್ಕೆ ಹೋಗುವುದೆಂದು ಗೊತ್ತಾಯಿತು. ಆ ಮಂಗಳವಾರ ಬಣ್ಣ ಹಚ್ಚಿಕೊಳ್ಳುತ್ತ ಗೌರಾಬಾಯಿ ಹೇಳಿದಳು:

“ಇವತ್ತ ಗಟ್ಟ್ಯಾಗಿ ಕೇಳು, ನರ್ಮದೀ. ನಾ ನನ್ನ ಹೆಸರ ಹೇಳಾಕಿ.”

“ಅಂವಾ ಮುಂದಿನ ಸಾಲಿನ್ಯಾಗ ಕುಂತಾನ, ಅಕ್ಕಾ. ನಾಳಿಂದ ಆಟ ನಿಂತ್ರ?”

“ಹೆಂಗೂ ನಿಲ್ಲೂದ ಅದ. ಒಮ್ಮೆ ನನ್ನ ಕಿವಿಗಾದ್ರೂ ಬೀಳಲಿ.”

ನರ್ಮದಾ ಲೆಕ್ಕ ಹಾಕಿದಳು. ಇನ್ನೂ ಎರಡು ತಿಂಗಳ ಆಟಗಳಿದ್ದವು, ಹದಿನಾಲ್ಕು ಜನರಿಗೆ ಎರಡು ತಿಂಗಳ ಊಟ. ಕೊನೆಯ ಆಟದ ದಿನ ಕೇಳಿದರಾಯಿತು ಎಂದುಕೊಂಡಳು.

ಪರದೆ ಎದ್ದಿತು. ಗೌರಾಬಾಯಿ ಕೆಮ್ಮು ನುಂಗಿಕೊಂಡು, ಜನರ ಕಡೆ ಮುಖ ಮಾಡಿ ಕಾದು ನಿಂತಳು. ನರ್ಮದಾ ಕೇಳಲಿಲ್ಲ. ನೇರ ಹಾಡಿಗೇ ಹೋದಳು. ಅಂಜಿಕೆಯಿಂದ ಶ್ರುತಿ ತೀರ ಮೇಲೆ ಹತ್ತಿತು. ಹಾರ್ಮೋನಿಯಂ ಪೇಟಿ ಬಾರಿಸುವವನು ತಬ್ಬಿಬ್ಬಾಗಿ ಸ್ವರ ಹುಡುಕತೊಡಗಿದ.

ಗೌರಾಬಾಯಿ ಅವಳತ್ತ ಒಂದು ಸಲ ನೋಡಿದಳು. ಆಮೇಲೆ ಉಸಿರು ಎಳೆದುಕೊಂಡು, ಅವಳ ಆ ಎತ್ತರದ ಶ್ರುತಿಗೇ ದನಿ ಕೂಡಿಸಿ, ಎರಡನೆಯ ಸಾಲನ್ನು ಎತ್ತಿಕೊಂಡಳು.