ಊರಲ್ಲಿನ ಉರಲ್

ಶಾಲೆಯಲ್ಲಿ ನಮಗೆ ಭೂಗೋಳ ಕಲಿಸಿದ ಅಕ್ಕೋರ ಬಲಗೈ ಹೆಬ್ಬೆರಳಿಗೆ ಉಗುರೇ ಇರಲಿಲ್ಲ. ಸಣ್ಣವರಿದ್ದಾಗ ಬಾಗಿಲಲ್ಲಿ ಸಿಕ್ಕಿ ಹೋಗಿತ್ತಂತೆ. ಆ ಬೋಳು ಬೆರಳನ್ನೇ ನಕಾಶೆಗೆ ಒತ್ತಿ, "ಇದು ಆಂಡೀಸ್, ದಕ್ಷಿಣ ಅಮೆರಿಕಾದ ಪಶ್ಚಿಮ ದಂಡಿಗುಂಟ ಅದ. ಇದು ಅಟ್ಲಾಸ್, ಆಫ್ರಿಕಾದ ನೆತ್ತಿ ಮ್ಯಾಲ" ಎನ್ನುತ್ತಿದ್ದರು. ಎಷ್ಟು ವರ್ಷ ಒತ್ತಿದ್ದರೋ, ನಮ್ಮ ರಾಯಚೂರು ಶಾಲೆಯ ನಕಾಶೆಯಲ್ಲಿ ಹಿಮಾಲಯ ಸವೆದು ಹಿಂದಿನ ಬಿಳಿ ಬಟ್ಟೆ ಕಾಣುತ್ತಿತ್ತು. "ಛಲೋ ಆತು, ಹಿಮ ಬಿದ್ದದ" ಎಂದು ತಾವೇ ನಗುತ್ತಿದ್ದರು.

ಒಂದು ದಿನ ಪುಸ್ತಕ ನೋಡಿ, ಪುಸ್ತಕದ ಕನ್ನಡದಲ್ಲೇ, "ಉರಲ್ ಪರ್ವತ ಎಲ್ಲಿದೆ?" ಎಂದು ಕೇಳಿದರು. ಕಿಟಕಿಯ ಹೊರಗೆ ನೋಡುತ್ತ ಕುಳಿತಿದ್ದ ನನಗೆ "ಊರಲ್ಲಿ ಪರ್ವತ ಎಲ್ಲಿದೆ?" ಎಂದು ಕೇಳಿಸಿತು. ಎದ್ದು ನಿಂತು ಧೈರ್ಯವಾಗಿ ಹೇಳಿದೆ: "ಬಸ್ ಸ್ಟ್ಯಾಂಡ್ ಬಾಜೂಕ ಅದರೀ ಅಕ್ಕೋರ, ಕ್ವಾಟಿ ಗುಡ್ಡ!"

ಇಡೀ ಕ್ಲಾಸು ಬಿದ್ದು ಬಿದ್ದು ನಕ್ಕಿತು. ಅಕ್ಕೋರು ನಗಲಿಲ್ಲ. "ನಗಬ್ಯಾಡ್ರಿ. ಈಕಿ ತನ್ನ ಗುಡ್ಡ ಕಣ್ಣಾರೆ ನೋಡ್ಯಾಳ. ನಾ ಹೇಳೂ ಗುಡ್ಡ ನಾ ಒಂದೂ ನೋಡಿಲ್ಲ. ಅರ್ಧಾ ಮಾರ್ಕ್ಸ್ ಕೊಟ್ಟೀನಿ."

ಅಂದಿನಿಂದ ಕೋಟೆಯ ಗುಡ್ಡಕ್ಕೆ ನಮ್ಮಿಬ್ಬರಲ್ಲಿ ಉರಲ್ ಎಂದೇ ಹೆಸರು. ಅದರ ಹಿಂದಿನ ಓಣಿಯ ಒಂದು ಖೋಲಿಯಲ್ಲಿ ಅವರು ಒಬ್ಬರೇ ಇದ್ದರು. ಮದುವೆಯಾಗಿರಲಿಲ್ಲ. ಮಾನ್ವಿಯಲ್ಲಿದ್ದ ಅಣ್ಣ ತೀರಿಹೋದ ಮೇಲೆ ಅಲ್ಲಿಂದಲೂ ಯಾರೂ ಬರುತ್ತಿರಲಿಲ್ಲ. "ಉರಲ್ ಆ ಕಡಿ ಏಷ್ಯಾ, ಮಂದಿಯೋ ಮಂದಿ. ಈ ಕಡಿ ಯುರೋಪಿನಾಗ ನಾ ಒಬ್ಬಾಕಿ. ದಾಟಿ ಬಾರವ್ವಾ, ಚಾ ಕುಡದು ಹೋಗು" ಎಂದು ಕರೆಯುತ್ತಿದ್ದರು.

ನನಗೆ ದೇವದುರ್ಗದ ಪಶು ಆಸ್ಪತ್ರೆಯಲ್ಲಿ ಕೆಲಸ ಸಿಕ್ಕ ಮೇಲೆ ಅವರು ಫೋನ್ ಹಿಡಿದರು. ಮಾತಿಗೆ ಪೀಠಿಕೆಯಿಲ್ಲ.

"ಕಾಕಸಸ್ ಎಲ್ಲದ?"

"ಕಪ್ಪು ಸಮುದ್ರಕ್ಕೂ ಕ್ಯಾಸ್ಪಿಯನ್ನಿಗೂ ನಡುವ ರೀ."

"ಉಂಡೀ ಏನು?"

ಉತ್ತರ ಗೊತ್ತಿಲ್ಲದೆ ಕೇಳುತ್ತಿದ್ದರೇ? ಅವರಿಗೆ ಒಂದು ದನಿ ಬೇಕಿತ್ತು, ಅಷ್ಟೇ. ಅದು ನನಗೂ ತಿಳಿದಿತ್ತು. "ಬರೂ ಐತವಾರ ಬರ್ತೀನ್ರಿ" ಎನ್ನುತ್ತಿದ್ದೆ. ಎಷ್ಟೋ ಐತವಾರಗಳು ಹೋದವು.

ಈ ಬೇಸಿಗೆಯ ಒಂದು ಮಧ್ಯಾಹ್ನ ಮತ್ತೆ ಫೋನ್ ಬಂತು. ಹೊರಗೆ ಎಮ್ಮೆ ಹಿಡಿದುಕೊಂಡು ಮಂದಿ ಕಾಯುತ್ತಿದ್ದರು. ಅಕ್ಕೋರ ದನಿ ಸಣ್ಣಗಾಗಿತ್ತು.

"ಉರಲ್ ಎಲ್ಲದ, ಹೇಳು."

"ರಷ್ಯಾದಾಗ ರೀ ಅಕ್ಕೋರ. ಯುರೋಪ್, ಏಷ್ಯಾದ ನಡುವ" ಎಂದೆ, ಒಂದೇ ಉಸಿರಿನಲ್ಲಿ.

"ಖರೇ ಅದ. ಪೂರಾ ಮಾರ್ಕ್ಸ್" ಎಂದು ಫೋನ್ ಇಟ್ಟುಬಿಟ್ಟರು.

ಮೂರನೆಯ ದಿನ ಅವರ ಮನೆ ಮಾಲಕರು ಫೋನ್ ಮಾಡಿದರು. "ಅಕ್ಕೋರು ಹೋಗಿಬಿಟ್ರು ರೀ. ಯಾರಿಗೆ ಹೇಳಬೇಕು ತಿಳೀಲಿಲ್ಲ. ಅವರ ಫೋನಿನಾಗ ಕಡೀ ನಂಬರ್ ನಿಮ್ದ ಇತ್ತು."

ರಾಯಚೂರಿನಲ್ಲಿ ಬಸ್ಸಿಳಿದಾಗ ಗುಡ್ಡ ಎದುರಿಗೇ ಇತ್ತು, ನಾನು ಅಂದು ಎದ್ದು ನಿಂತು ಹೇಳಿದ ಜಾಗದಲ್ಲೇ. ಅವರಿಗೆ ಬೇಕಿದ್ದುದು ಆ ಅರ್ಧ ಮಾರ್ಕ್ಸಿನ ಉತ್ತರ. ನನ್ನಿಂದ ಅದೊಂದನ್ನು ಹೇಳಲಾಗಲಿಲ್ಲ. ಗುಡ್ಡ ಬಳಸಿ ಅವರ ಖೋಲಿಗೆ ನಡೆದೆ. ಹತ್ತು ನಿಮಿಷವೂ ಹಿಡಿಯಲಿಲ್ಲ.