ಬೆನ್ನು ತೋರಿಸಿದ ಸೂರ್ಯಕಾಂತಿ

ನವೆಂಬರ್ ಮೂರರಂದು ಮುಂಬೈಯ ಮುಲುಂಡಿನ ನಮ್ಮ ಮನೆಯ ಕಿಟಕಿ ಗ್ರಿಲ್ಲಿನೊಳಗೆ ಕುಂಡಗಳನ್ನಿಟ್ಟು ಐದು ಸೂರ್ಯಕಾಂತಿ ಬೀಜ ಊರಿದೆ. ಅದು ಅವ್ವನಿಗಾಗಿ. ಅವಳ ಕಾಲಿನ ಪ್ಲಾಸ್ಟರ್ ಬಿಚ್ಚಿ ತಿಂಗಳಾಗಿತ್ತು. ಡಾಕ್ಟರು ದಿನಾ ನಡೆಯಿರಿ ಎಂದಿದ್ದರು. ಮತ್ತೆ ಬಿದ್ದೇನೆಂದು ಹೆದರಿ ಅವಳು ಮಂಚದಿಂದ ಬಚ್ಚಲು, ಬಚ್ಚಲಿನಿಂದ ಮಂಚ, ಅಷ್ಟಕ್ಕೇ ನಿಂತಿದ್ದಳು. ಹೂವು ಬಿಟ್ಟರೆ ಕಿಟಕಿಯವರೆಗಾದರೂ ಬಂದಾಳು ಎಂಬುದು ನನ್ನ ಲೆಕ್ಕ.

ಮೊಳೆತದ್ದು ಮೂರು. ಅದರಲ್ಲಿ ಎರಡು ಪಾರಿವಾಳದ ಪಾಲು. ಉಳಿದ ಒಂದರ ಎತ್ತರವನ್ನು ದಿನಾ ಬೆಳಿಗ್ಗೆ ಟೇಪು ಹಿಡಿದು ಡೈರಿಗೆ ಬರೆದೆ. ಅದು ಯಾವ ಕಡೆಗೆ ಬಾಗುತ್ತಿದೆ ಎಂಬುದನ್ನು ಮಾತ್ರ ಬರೆಯಲಿಲ್ಲ. ಬೆಳಕು ಹುಡುಕುತ್ತಾ ಮೊಗ್ಗು ಗ್ರಿಲ್ಲಿನ ಸಂದಿಯಿಂದ ಆಚೆ ಹೋಗಿ, ಜನವರಿಯಲ್ಲಿ ಊಟದ ತಟ್ಟೆಯಷ್ಟಗಲ ಅರಳಿತು. ಇನ್ನು ಅದನ್ನು ಒಳಗೆಳೆಯುವಂತಿಲ್ಲ, ಕುಂಡವನ್ನು ತಿರುಗಿಸುವಂತಿಲ್ಲ.

ಅವ್ವ ಗೋಡೆ ಹಿಡಿದು ಕಿಟಕಿಗೆ ಬಂದಳು. ಮುಖ ಕಾಣದ ಹೂವಿನ ಹಸಿರು ಬೆನ್ನನ್ನೇ ದಿಟ್ಟಿಸಿದಳು.

“ಇದರ ಮಾರಿ ಎಲ್ಲೈತಲೇ?”

“ಆ ಕಡೆ ಐತವ್ವ.”

“ಎರಡ ತಿಂಗಳ ನೀರ ಹಾಕಿ ಬೆನ್ನ ಬೆಳಿಸಿದ್ಯಾ, ಶಾಣ್ಯಾ?”

ಅಷ್ಟರಲ್ಲಿ ಎದುರಿನ ಬಿಲ್ಡಿಂಗಿನ ಕಿಟಕಿಯಿಂದ ಉಡುಪಿಯ ಆಂಟಿ ಕೂಗಿದರು. ದಾದರಿನಲ್ಲಿ ಅವರ ಗಂಡನ ಹೋಟೆಲ್ ಇದೆ.

“ಎಂಥ ಚಂದ ಮಾರಾಯ್ರೇ! ಬೆಳಿಗ್ಗೆ ಎದ್ದ ಕೂಡಲೇ ನಮಗೆ ನಿಮ್ಮ ಹೂವೇ ಕಾಣುವುದು!”

ಅವ್ವನ ಮುಖ ಬಿಗಿಯಿತು. “ನೀರ ಹಾಕಾವ್ರು ನಾವು, ಮಾರಿ ನೋಡಾವ್ರು ಅವರು. ನನ್ನ ಚಪ್ಪಲಿ ತಗೊಂಡ ಬಾ.”

“ಎಲ್ಲಿಗೆ?”

“ನನ್ನ ಹೂವು ನೋಡಾಕ.”

ಲಿಫ್ಟಿನಲ್ಲಿ ನನ್ನ ತೋಳನ್ನು ಉಗುರು ನಾಟುವಷ್ಟು ಗಟ್ಟಿಯಾಗಿ ಹಿಡಿದಿದ್ದಳು. ಕಾಂಪೌಂಡಿನಲ್ಲಿ ಎರಡು ಸಲ ನಿಂತಳು. “ಸುಸ್ತಾಯ್ತೇನವ್ವ?” ಎಂದರೆ, “ಬಿಸಲ ನೋಡಾಕತ್ತೀನಿ” ಎಂದಳು. ವಾಚ್‌ಮನ್ ತನ್ನ ಕುರ್ಚಿ ತಂದು ಮುಂದಿಟ್ಟ. ಅವ್ವ ಕೂರಲಿಲ್ಲ. ಎದುರಿನ ಬಿಲ್ಡಿಂಗಿನ ಗೇಟು ಬರುವ ಹೊತ್ತಿಗೆ ತೋಳನ್ನೂ ಬಿಟ್ಟಿದ್ದಳು. ನಾನು ಹಿಂದೆ ನಡೆದೆ.

ಆಂಟಿ ಕಾಫಿ ಕೊಟ್ಟು ಕಿಟಕಿಯ ಪಕ್ಕ ಕುರ್ಚಿ ಹಾಕಿದರು. “ನಿಮ್ಮ ಮಗ ಭಾರೀ ಚಂದ ಬೆಳೆಸಿದ್ದಾನೆ” ಎಂದರು. ಆಚೆ ನಮ್ಮ ಗ್ರಿಲ್ಲಿನಿಂದ ಹೂವು ಇತ್ತಲೇ ಮುಖ ಮಾಡಿತ್ತು. ಅವ್ವ ಕಾಫಿ ಆರುವವರೆಗೆ ನೋಡಿದಳು. ನಾನು ಹೊಗಳಿಕೆಗೆ ಕಾದೆ.

“ಹೂವೇನೋ ಚೊಲೋ ಐತಿ,” ಎಂದಳು. “ಆದ್ರ ನಮ್ಮ ಗ್ರಿಲ್ ನೋಡು, ಎಷ್ಟ ಹೊಲಸ ಕಾಣ್ತೈತಿ. ಇವತ್ತ ತೊಳಿ. ನಾಳೆ ಬಂದು ಇಲ್ಲಿಂದ ನೋಡ್ತೀನಿ.”